ದೇಶ ದೇಶಕ್ಕೆ ಆಸ್ಕರ್ ತಂದ ಫ್ರೆಂಚ್ ನಿರ್ಮಾಪಕ!

ಊಹಿಸಿ ನೋಡೋಣ! ಪ್ಯಾರಿಸ್‌ನಲ್ಲಿ ಹುಟ್ಟಿದ ಒಬ್ಬ ನಿರ್ಮಾಪಕರು. ಅವರ ಚಿತ್ರಗಳಿಗೆ ಅತ್ಯುತ್ತಮ ವಿದೇಶಿ ಭಾಷಾ ಚಿತ್ರದ ಆಸ್ಕರ್ ಬಂದದ್ದು ಎರಡು ಸಲ. ಯಾವ ದೇಶದ ಹೆಸರಿನಲ್ಲಿ ಬಂತು ಹೇಳಿ?

ಫ್ರಾನ್ಸ್ ಅಂದಿರಾ? ತಪ್ಪು! ಎರಡು ಸಲವೂ ತಪ್ಪು!

ಮೊದಲನೆಯದು ಅಲ್ಜೀರಿಯಕ್ಕೆ. ಎರಡನೆಯದು ಐವರಿ ಕೋಸ್ಟ್‌ಗೆ!

ಇನ್ನೂ ಕೇಳಿ. 2025ರವರೆಗೆ ಈ ವಿಭಾಗದಲ್ಲಿ ಇಡೀ ಆಫ್ರಿಕಾ ಖಂಡ ಗೆದ್ದದ್ದು ಬರೀ 3 ಪ್ರಶಸ್ತಿ. ಅದರಲ್ಲಿ 2 ಈ ಒಬ್ಬರೇ ನಿರ್ಮಿಸಿದ ಚಿತ್ರಗಳದ್ದು!

ಹೆಸರು ಜಾಕ್ ಪೆರಿನ್. ಹುಟ್ಟಿದ್ದು 1941ರಲ್ಲಿ.

ಗ್ರೀಸ್‌ನ ರಾಜಕೀಯ ಕೊಲೆಯೊಂದರ ಕಥೆ ಹಿಡಿದು ನಿರ್ದೇಶಕ ಕೋಸ್ಟಾ-ಗಾವ್ರಾಸ್ ಹಣಕ್ಕಾಗಿ ಅಲೆಯುತ್ತಿದ್ದರು. ಯಾರೂ ಕೈ ಹಾಕಲಿಲ್ಲ. ಪೆರಿನ್ ಹಾಕಿದರು! ಆಗ ವಯಸ್ಸೆಷ್ಟು? ಬರೀ 27! ಇದಕ್ಕೆಂದೇ ಸ್ವಂತ ಕಂಪನಿ ಕಟ್ಟಿದರು. ಅಲ್ಜಿಯರ್ಸ್‌ನ ಬೀದಿಗಳೇ ಗ್ರೀಸ್ ಆದವು. ಪತ್ರಿಕಾ ಛಾಯಾಗ್ರಾಹಕನ ಪಾತ್ರವನ್ನೂ ತಾವೇ ಮಾಡಿದರು. 1969ರಲ್ಲಿ ತೆರೆಕಂಡ ಆ ಚಿತ್ರವೇ ‘ಝಡ್’!

1976ರಲ್ಲಿ ಇನ್ನೊಂದು ಪಣ. ಜಾಂ-ಜಾಕ್ ಅನೋ ಎಂಬ ಹೊಸಬರ ಮೊದಲ ಚಿತ್ರ. ಐವರಿ ಕೋಸ್ಟ್‌ಗೆ ಆಸ್ಕರ್!

ಅದೇ ಹೊತ್ತಿಗೆ ‘ತಾರ್ತಾರರ ಮರುಭೂಮಿ’ ಕಾದಂಬರಿಯನ್ನು ತೆರೆಗೆ ತರಲು ಇರಾನಿನ ಬಾಮ್ ಎಂಬ ಮಣ್ಣಿನ ಕೋಟೆಗೆ ಹೋದರು. ಎಂಥ ಕೋಟೆ ಅದು! 2003ರ ಭೂಕಂಪಕ್ಕೆ ಕುಸಿದುಬಿತ್ತು. ಅದರ ಹಳೆಯ ರೂಪ ಆ ಚಿತ್ರದಲ್ಲಿ ಇವತ್ತಿಗೂ ನಿಂತಿದೆ. ಆದರೆ ಪೆರಿನ್‌ಗೆ ಉಳಿದದ್ದು ವರ್ಷಗಟ್ಟಲೆ ತೀರದ ಸಾಲ.

ಸಾಲ ಹೊತ್ತವರು ಮುಂದೆ ಯಾರನ್ನು ನೆಚ್ಚಿಕೊಂಡರು ಗೊತ್ತೇ? ಹುಳುಗಳನ್ನು!

‘ಮೈಕ್ರೋಕಾಸ್ಮೋಸ್’, 1996. ಸಗಣಿ ಉಂಡೆ ಉರುಳಿಸುತ್ತಿದ್ದ ಜೀರುಂಡೆ. ಉಂಡೆ ಮುಳ್ಳಿಗೆ ಸಿಕ್ಕಿಕೊಳ್ಳುತ್ತದೆ. ತಳ್ಳುತ್ತದೆ. ಆಗದು. ಸುತ್ತ ಹೋಗಿ ಮತ್ತೆ ತಳ್ಳುತ್ತದೆ. ಕುರ್ಚಿಯ ತುದಿಗೆ ಬಂದು ಕೂರುತ್ತೀರಿ! ಮಾತು ಹೆಚ್ಚುಕಡಿಮೆ ಇಲ್ಲವೇ ಇಲ್ಲ. ಫ್ರಾನ್ಸಿನ ಪ್ರತಿಷ್ಠಿತ ಸೀಸರ್ ಪ್ರಶಸ್ತಿಗಳು ಎಷ್ಟು ಬಂದವು ಗೊತ್ತೇ? 5!

ಆಮೇಲೆ ಹಕ್ಕಿಗಳು. ನನ್ನನ್ನು ನಿಜಕ್ಕೂ ಮೂಕನಾಗಿಸಿದ್ದು ಇದೇ!

ಹಾರುವ ಹೆಬ್ಬಾತಿನ ಪಕ್ಕದಲ್ಲೇ, ಕೈಚಾಚಿದರೆ ರೆಕ್ಕೆ ತಾಕುವಷ್ಟು ಹತ್ತಿರದಲ್ಲಿ ಕ್ಯಾಮೆರಾ! ಹೇಗೆ ಸಾಧ್ಯ? ಕಂಪ್ಯೂಟರ್ ಕರಾಮತ್ತು ಅಂದುಕೊಂಡಿರಾ? ಹಕ್ಕಿಗಳ ಚಿತ್ರೀಕರಣದಲ್ಲಿ ಅಂಥದ್ದೇನೂ ಇಲ್ಲ ಎಂದು ಚಿತ್ರದ ಆರಂಭದಲ್ಲೇ ಪರದೆಯ ಮೇಲೆ ಬರೆದಿದ್ದಾರೆ!

ಗುಟ್ಟು ಮೊಟ್ಟೆಯಲ್ಲಿದೆ. ಮರಿ ಇನ್ನೂ ಚಿಪ್ಪಿನೊಳಗೆ ಇರುವಾಗಲೇ ಅದಕ್ಕೆ ಮನುಷ್ಯರ ದನಿ ಕೇಳಿಸಿದರು. ಪುಟ್ಟ ವಿಮಾನದ ಎಂಜಿನ್ ಸದ್ದು ಕೇಳಿಸಿದರು. ಹೊರಬಂದ ಮರಿ ಮೊದಲು ಕಂಡವರನ್ನೇ ತಾಯಿ ಎಂದುಕೊಂಡಿತು! ಸಾಕಿದವರು ಓಡಿದರೆ ಅವೂ ಓಡಿದವು. ಪುಟ್ಟ ವಿಮಾನ ಮೇಲೆದ್ದರೆ ಅವೂ ಮೇಲೆದ್ದವು!

ಎಷ್ಟು ಖಂಡಗಳಲ್ಲಿ ಚಿತ್ರೀಕರಣ? ಏಳಕ್ಕೆ ಏಳೂ!

ಅದರಲ್ಲಿ ಹಿಮಾಲಯದ ಪಟ್ಟೆತಲೆ ಹೆಬ್ಬಾತುಗಳೂ ಇವೆ. ಹೌದು, ಚಳಿಗಾಲದಲ್ಲಿ ನಮ್ಮ ಗದಗ ಜಿಲ್ಲೆಯ ಮಾಗಡಿ ಕೆರೆಗೆ ಬಂದಿಳಿಯುವ ಅದೇ ಜಾತಿ!

2001ರ ಈ ‘ವಿಂಗ್ಡ್ ಮೈಗ್ರೇಶನ್’ ಆಸ್ಕರ್‌ಗೆ ನಾಮನಿರ್ದೇಶನವಾಯಿತು. ಅದಕ್ಕೂ ಮೊದಲೇ, ಡೋಲ್ಪೋ ಪ್ರದೇಶದ ಚಮರೀಮೃಗಗಳ ಪಯಣ ತೋರಿಸಿದ ‘ಹಿಮಾಲಯ’ ನೇಪಾಳಕ್ಕೆ ಅದರ ಮೊತ್ತಮೊದಲ ಆಸ್ಕರ್ ನಾಮನಿರ್ದೇಶನ ತಂದಿತ್ತು. ನಿರ್ಮಾಪಕರು ಮತ್ತೆ ಇವರೇ!

2004ರಲ್ಲಿ ಸೋದರಳಿಯ ನಿರ್ದೇಶಿಸಿದ ‘ದಿ ಕೋರಸ್’. ಒಬ್ಬ ಮೇಷ್ಟ್ರು, ಹಾಡುವ ಹುಡುಗರು, ಅಷ್ಟೇ ಕಥೆ. ಫ್ರಾನ್ಸ್‌ನಲ್ಲಿ ಬಿಕರಿಯಾದ ಟಿಕೆಟ್ 80 ಲಕ್ಷಕ್ಕೂ ಹೆಚ್ಚು! ತೆರೆಯ ಮೇಲಿನ ಪುಟಾಣಿ ಪೆಪಿನೋ ಯಾರು? ಪೆರಿನ್ ಮಗನೇ!

2022ರಲ್ಲಿ ಅವರು ತೀರಿಕೊಂಡರು. ಹೆಸರು ಕೇಳಿಯೇ ಇಲ್ಲ ಅನ್ನುತ್ತೀರಾ? ಮುಖವನ್ನಂತೂ ನೋಡಿರುತ್ತೀರಿ! ‘ಸಿನೆಮಾ ಪ್ಯಾರಡಿಸೊ’ ಕೊನೆಯಲ್ಲಿ, ಕತ್ತರಿಸಿಟ್ಟಿದ್ದ ಮುತ್ತಿನ ದೃಶ್ಯಗಳನ್ನೆಲ್ಲ ಒಬ್ಬರೇ ಕೂತು ನೋಡುತ್ತಾರಲ್ಲ, ನರೆಗೂದಲಿನ ನಿರ್ದೇಶಕ? ಅವರೇ ಇವರು!