ಆರು ಸೂರ್ಯರ ನಾಡಿನಲ್ಲೊಂದು ರಾತ್ರಿ

ಕತ್ತಲೆಯೇ ಆಗದ ಲೋಕವೊಂದನ್ನು ಊಹಿಸಿಕೊಳ್ಳಿ. ಒಬ್ಬ ಸೂರ್ಯ ಪಡುವಣಕ್ಕೆ ಇಳಿಯುವಷ್ಟರಲ್ಲಿ ಇನ್ನೊಬ್ಬ ಮೂಡಣದಲ್ಲಿ ಹಾಜರು, ಮತ್ತೊಬ್ಬ ನೆತ್ತಿಯ ಮೇಲೆ. ಹೀಗೆ ಸರದಿಯ ಮೇಲೆ ಕಾವಲು ಕಾಯಲು ಒಟ್ಟು ಆರು ಮಂದಿ! ಅಲ್ಲಿ ಹುಟ್ಟಿದ ಮಗುವಿಗೆ ಹಗಲೊಂದೇ ಗೊತ್ತು. ನಕ್ಷತ್ರವನ್ನು ಅಜ್ಜನೂ ಕಂಡಿಲ್ಲ, ಅಜ್ಜನ ಅಜ್ಜನೂ ಕಂಡಿಲ್ಲ.

ಈ ಲೋಕದ ಹೆಸರು ಲಗಾಶ್. ಇದನ್ನು ಸೃಷ್ಟಿಸಿದಾತ ಐಸಾಕ್ ಅಸಿಮೋವ್, ಆಗಿನ್ನೂ 21ರ ತರುಣ. ಸಾವಿರ ವರ್ಷಕ್ಕೊಂದು ರಾತ್ರಿ ಮಾತ್ರ ನಕ್ಷತ್ರಗಳು ಕಂಡರೆ ಜನ ಏನು ಮಾಡಿಯಾರು? ಅಮೆರಿಕದ ಚಿಂತಕ ಎಮರ್ಸನ್‌ನ ಸಾಲೊಂದರಿಂದ ಹುಟ್ಟಿದ ಈ ಪ್ರಶ್ನೆಯನ್ನು ಸಂಪಾದಕ ಜಾನ್ ಕ್ಯಾಂಪ್‌ಬೆಲ್ ಅವನ ಮುಂದಿಟ್ಟ. ಉತ್ತರವಾಗಿ ಬಂದ ಕಥೆ 'ನೈಟ್‌ಫಾಲ್' 1941ರ ಸೆಪ್ಟೆಂಬರಿನಲ್ಲಿ ಅಚ್ಚಾಯಿತು. 1990ರಲ್ಲಿ ರಾಬರ್ಟ್ ಸಿಲ್ವರ್‌ಬರ್ಗ್ ಜೊತೆ ಸೇರಿ ಅಸಿಮೋವ್ ಇದನ್ನೇ ಕಾದಂಬರಿಯಾಗಿ ಬೆಳೆಸಿದ. ಗ್ರಹದ ಹೆಸರು ಅಲ್ಲಿ ಕಲ್ಗಾಶ್ ಎಂದಾಯಿತು.

ಕಥೆಯ ತಿರುಳು ಇಷ್ಟು: 2049 ವರ್ಷಗಳಿಗೊಮ್ಮೆ ಐದು ಸೂರ್ಯರೂ ಕಣ್ಮರೆಯಾಗಿ, ಬೀಟಾ ಎಂಬ ಕೆಂಪು ಕುಬ್ಜ ಸೂರ್ಯನೊಬ್ಬನೇ ಆಕಾಶದಲ್ಲಿ ಉಳಿಯುತ್ತಾನೆ. ಸರಿಯಾಗಿ ಆಗಲೇ ಲಗಾಶ್‌ನ ಚಂದ್ರ ಬಂದು ಅವನನ್ನೂ ಮರೆಮಾಡುತ್ತದೆ.

ಇಷ್ಟು ಅಪರೂಪ ಏಕೆ? ವಿದ್ಯಾರ್ಥಿಗಳು ಲಘುತಮ ಸಾಮಾನ್ಯ ಅಪವರ್ತ್ಯವನ್ನು ನೆನಪಿಸಿಕೊಳ್ಳಲಿ. ನಿಲ್ದಾಣದಿಂದ ಮೂರು ಬಸ್ಸುಗಳು 12, 15 ಮತ್ತು 20 ನಿಮಿಷಗಳಿಗೊಮ್ಮೆ ಹೊರಡುತ್ತವೆ ಎನ್ನಿ. ಮೂರೂ ಒಟ್ಟಿಗೆ ಹೊರಡುವುದು 60 ನಿಮಿಷಕ್ಕೊಮ್ಮೆ. ಈಗ 7 ನಿಮಿಷಕ್ಕೊಂದರಂತೆ ನಾಲ್ಕನೆಯ ಬಸ್ಸನ್ನು ಸೇರಿಸಿ. 60 ಇದ್ದದ್ದು ಒಮ್ಮೆಲೇ 420 ಆಯಿತು, ಅಂದರೆ ಏಳು ಗಂಟೆ! ಬಸ್ಸು ಹೆಚ್ಚಿದಷ್ಟೂ ಕಾಯುವಿಕೆ ಹೀಗೆ ಹಾರಿ ಹಾರಿ ಬೆಳೆಯುತ್ತದೆ. ನಿಜವಾದ ಗ್ರಹಗಳ ಅವಧಿಗಳಂತೂ ಪೂರ್ಣಸಂಖ್ಯೆಗಳಲ್ಲ. ಆದ್ದರಿಂದ ಕರಾರುವಾಕ್ಕಾದ ಕೂಟ ಎಂಬುದು ಆಗುವುದೇ ಇಲ್ಲ, 'ಹೆಚ್ಚುಕಡಿಮೆ ಕೂಟ'ವಷ್ಟೇ ಆಗುತ್ತದೆ.

ನನಗೆ ಕಥೆಯಲ್ಲಿ ಬಹಳ ಹಿಡಿಸಿದ್ದು ಆ ಚಂದ್ರನ ಪತ್ತೆ. ಸದಾ ಹಗಲಿರುವ ಆಕಾಶದಲ್ಲಿ ಅದರ ಮಂಕು ಬೆಳಕು ಯಾರಿಗೂ ಕಾಣದು. ಆದರೆ ಹೊಸದಾಗಿ ದಕ್ಕಿದ ಗುರುತ್ವ ನಿಯಮದಿಂದ ಲೆಕ್ಕ ಹಾಕಿದಾಗ ಲಗಾಶ್‌ನ ಪಥ ಸ್ವಲ್ಪ ತಪ್ಪುತ್ತದೆ. ನಿಯಮವೇ ಸುಳ್ಳೋ, ಕಾಣದ ಯಾವುದೋ ಕಾಯ ಎಳೆಯುತ್ತಿದೆಯೋ? ಇದು ಬರಿಯ ಕಲ್ಪನೆಯಲ್ಲ. ನಮ್ಮ ಯುರೇನಸ್ ಕೂಡ ಹೀಗೆಯೇ ಲೆಕ್ಕ ತಪ್ಪಿ ನಡೆಯುತ್ತಿತ್ತು. ಫ್ರಾನ್ಸಿನ ಲವೆರ್ಯೆ ಕಾಗದದ ಮೇಲೆ ಲೆಕ್ಕ ಮಾಡಿ, ಇಂಥ ಕಡೆ ಹುಡುಕಿ ಎಂದು ಬರೆದ. 1846ರ ಸೆಪ್ಟೆಂಬರ್ 23ರ ರಾತ್ರಿ ಬರ್ಲಿನ್ನಿನಲ್ಲಿ ಗಾಲೆ ದೂರದರ್ಶಕ ತಿರುಗಿಸಿದಾಗ ಹೇಳಿದ ಜಾಗಕ್ಕೆ ಒಂದು ಡಿಗ್ರಿಯೊಳಗೇ ನೆಪ್ಚೂನ್ ಸಿಕ್ಕಿತು.

ಲಗಾಶ್‌ನ ವಿಜ್ಞಾನಿಗಳ ಲೆಕ್ಕವೂ ಸರಿಯೇ. ಕತ್ತಲೆ ಬರುವ ದಿನ ಅವರಿಗೆ ಮೊದಲೇ ಗೊತ್ತು. ಆದರೂ ಅವರು ಸೋಲುತ್ತಾರೆ. ಪತ್ರಿಕೆಗಳು ಗೇಲಿ ಮಾಡುತ್ತವೆ, ಧರ್ಮಗುರುಗಳ ಪಂಥವೊಂದು ವೀಕ್ಷಣಾಲಯದ ಮೇಲೆ ಜನರನ್ನು ಎತ್ತಿಕಟ್ಟುತ್ತದೆ. ಇನ್ನು ಕತ್ತಲೆಯ ಭಯವೋ? ಹಿಂದೆ ಅಲ್ಲಿ ಪ್ರದರ್ಶನವೊಂದರಲ್ಲಿ ಹದಿನೈದು ನಿಮಿಷದ ಕತ್ತಲ ಸುರಂಗದ ಸವಾರಿ ಇಟ್ಟಿದ್ದರು. ಒಳಹೋದ ಕೆಲವರು ಹೆಣವಾಗಿ ಬಂದರು, ಕೆಲವರು ಮತಿಗೆಟ್ಟು ಬಂದರು. ಈಗಲೋ ಗ್ರಹಣ ಅರ್ಧ ದಿನಕ್ಕೂ ಮಿಕ್ಕಿ ಹಿಡಿಯುತ್ತದೆ; ಗ್ರಹ ತಿರುಗುವುದರಿಂದ ಒಂದು ಊರೂ ತಪ್ಪಿಸಿಕೊಳ್ಳುವಂತಿಲ್ಲ. ಬೆಳಕಿಗಾಗಿ ಜನ ಸಿಕ್ಕಿದ್ದಕ್ಕೆಲ್ಲ ಬೆಂಕಿ ಇಡುತ್ತಾರೆ. ಹಿಂದಿನ ನಾಗರಿಕತೆಗಳು ಹೀಗೆಯೇ ಬೂದಿಯಾಗಿದ್ದವು.

ಅತಿರೇಕ ಎನಿಸಿತೇ? 1962ರ ಫೆಬ್ರುವರಿಯನ್ನು ಮನೆಯ ಹಿರಿಯರಲ್ಲಿ ಕೇಳಿ ನೋಡಿ. ಮಕರ ರಾಶಿಯಲ್ಲಿ ಅಷ್ಟಗ್ರಹ ಕೂಟವೆಂದು ದೇಶದುದ್ದಕ್ಕೂ ಪ್ರಳಯದ ಭೀತಿ, ಹೋಮಹವನ. ಆ ಕೂಟದಲ್ಲಿ ಸೂರ್ಯ, ಚಂದ್ರರೂ ಗ್ರಹಗಳೆಂದೇ ಲೆಕ್ಕ. ಎಂಟನೆಯದಾದ ಕೇತುವಂತೂ ವಸ್ತುವೇ ಅಲ್ಲ, ಚಂದ್ರನ ಪಥ ಸೂರ್ಯನ ಪಥವನ್ನು ದಾಟುವ ಬಿಂದು ಅಷ್ಟೆ. 1980ರ ಫೆಬ್ರುವರಿ 16ರ ಖಗ್ರಾಸ ಗ್ರಹಣದ ನೆರಳು ಕಾರವಾರ, ಅಂಕೋಲೆಯ ಕಡಲತೀರದಿಂದ ಉತ್ತರ ಕರ್ನಾಟಕವನ್ನು ಹಾದು ಆಂಧ್ರದತ್ತ ಸಾಗಿತು. ನಾನಾಗ ಪ್ರಾಥಮಿಕ ಶಾಲೆಯ ಹುಡುಗ. ಕಿಟಕಿಗೆ ಗೋಣಿಚೀಲ ಕಟ್ಟಿ ನಮ್ಮನ್ನು ಒಳಗೆ ಕೂರಿಸಿದ್ದರು. ಹೊರಗೆ ಬೀದಿಯಲ್ಲಿ ಒಂದು ನಾಯಿಯ ಸದ್ದು ಮಾತ್ರ. ಪೂರ್ಣ ಕತ್ತಲೆ ಇದ್ದದ್ದು ಮೂರು ನಿಮಿಷಕ್ಕೂ ಕಡಿಮೆ! ಒಂದೇ ಊರಿಗೆ ಇಂಥ ಅವಕಾಶ ಮತ್ತೆ ಬರಲು ಸರಾಸರಿ ಮುನ್ನೂರೈವತ್ತು ವರ್ಷಕ್ಕೂ ಮಿಕ್ಕಿ ಬೇಕು. ಬರಿಗಣ್ಣಿನಿಂದ ಸೂರ್ಯನನ್ನು ನೋಡಬಾರದೆಂಬ ಮಾತು ಸರಿಯೇ; ಆದರೆ ಸೂಜಿರಂಧ್ರದಿಂದ ಗೋಡೆಯ ಮೇಲೆ ಬಿಂಬ ಬೀಳಿಸಿ ನೋಡಲು ಯಾರ ಅಡ್ಡಿ?

ಅಂದಹಾಗೆ ಲಗಾಶ್‌ನಂಥ ಲೋಕ ಸಾಧ್ಯವೇ? ಗುರುತ್ವದಲ್ಲಿ ಪರಸ್ಪರ ಎಳೆದಾಡುವ ಮೂರು ಕಾಯಗಳ ಚಲನೆಗೇ ಎಲ್ಲ ಸಂದರ್ಭಕ್ಕೂ ಹೊಂದುವ ಸರಳ ಸೂತ್ರವಿಲ್ಲ, ಆರರ ಪಾಡೇನು! ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯ ಜಯಂತ್ ಮೂರ್ತಿ ಸಹಲೇಖಕರೊಬ್ಬರ ಜೊತೆ 2014ರಲ್ಲಿ ಇದನ್ನೇ ವಿಷಯವಾಗಿಟ್ಟುಕೊಂಡು ಪ್ರಬಂಧ ಬರೆದರು. ಗ್ರಹಣದ ಅವಧಿ, ನಕ್ಷತ್ರಗಳು ಕಾಣದಿರುವುದು, ಪಥಗಳ ಗೋಜಲು ಎಲ್ಲವನ್ನೂ ಲೆಕ್ಕಕ್ಕೆ ಒಡ್ಡಿದರು. ಕಥೆ ಓದಿ ಮುಗಿಸಿ ಪೆನ್ಸಿಲ್ ಹಿಡಿದು ಕೂರುವುದು ಎಂದರೆ ಇದು.

ಆರು ಸೂರ್ಯರ ಕುಟುಂಬವಂತೂ ನಿಜವಾಗಿ ಇದೆ. ಪುನರ್ವಸು ನಕ್ಷತ್ರದ ಜೋಡಿಯಲ್ಲಿ ಕೊಂಚ ಮಂಕಾಗಿರುವ ಕ್ಯಾಸ್ಟರ್ ನೋಡಲು ಒಂದೇ ಚುಕ್ಕಿ. ಸಣ್ಣ ದೂರದರ್ಶಕದಲ್ಲಿ ಅದು ಎರಡಾಗುತ್ತದೆ, ಹತ್ತಿರದಲ್ಲೇ ಕ್ಷೀಣವಾದ ಮೂರನೆಯದೂ ಉಂಟು. ರೋಹಿತದಿಂದ ಪರೀಕ್ಷಿಸಿದರೆ ಈ ಮೂರರಲ್ಲಿ ಪ್ರತಿಯೊಂದೂ ಜೋಡಿ, ಅಂದರೆ ಒಟ್ಟು ಆರು. ದೂರ ಸುಮಾರು 51 ಜ್ಯೋತಿರ್ವರ್ಷ. ಜನವರಿ, ಫೆಬ್ರುವರಿಯಲ್ಲಿ ಊಟ ಮುಗಿಸಿ ಮಕ್ಕಳೊಡನೆ ಮಾಳಿಗೆ ಹತ್ತಿದರೆ ಮೃಗಶಿರದ ಬೇಟೆಗಾರನ ಈಶಾನ್ಯಕ್ಕೆ ಈ ಜೋಡಿ ಸುಲಭವಾಗಿ ಸಿಗುತ್ತದೆ. ಅಂಗಳದ ದೀಪವನ್ನು ಮಾತ್ರ ಆರಿಸಿ ಹೋಗಿ.