ಸೋನ್ಯಾ ತ್ಸೀಮನ್: ನೆಲೆಯಿಲ್ಲದವರ ನಾಯಕಿ

ಎರಡನೆಯ ಮಹಾಯುದ್ಧವು ಮುಗಿದು ಐದು ವರ್ಷಗಳು ಸಂದಿದ್ದರೂ ನಗರಗಳ ಭಗ್ನಾವಶೇಷಗಳು ಪೂರ್ತಿಯಾಗಿ ತೆರವಾಗದೆ, ಪೂರ್ವ ಪ್ರಾಂತಗಳಿಂದ ಹೊರದೂಡಲ್ಪಟ್ಟ ಲಕ್ಷಾಂತರ ಜನರು ಆಶ್ರಯವನ್ನರಸುತ್ತಿದ್ದ ಪಶ್ಚಿಮ ಜರ್ಮನಿಯಲ್ಲಿ, ಹಸುರು ಕಣಿವೆ, ಗ್ರಾಮೋತ್ಸವ, ಸುಖಾಂತವಾದ ಪ್ರಣಯ ಇವುಗಳಿಂದ ತುಂಬಿದ ಒಂದು ವರ್ಣಚಿತ್ರವು 1950ರಲ್ಲಿ ತೆರೆಗೆ ಬಂದು ಜನಕೋಟಿಯ ಮನಸ್ಸನ್ನು ಸೆಳೆಯಿತು. ಹಾನ್ಸ್ ಡೆಪ್ಪೆ ನಿರ್ದೇಶಿಸಿದ ‘ಶ್ವಾರ್ತ್ಸ್‌ವಾಲ್ಟ್‌ಮೇಡೆಲ್’ ಎಂಬ ಆ ಚಿತ್ರದಲ್ಲಿ, ಕಪ್ಪು ಅರಣ್ಯಪ್ರದೇಶದ ಕನ್ಯೆಯರು ತೊಡುವ ಕೆಂಪು ಉಣ್ಣೆಯುಂಡೆಗಳ ಟೋಪಿಯನ್ನು ಧರಿಸಿ ಕಾಣಿಸಿಕೊಂಡವಳೇ ಸೋನ್ಯಾ ತ್ಸೀಮನ್. 1926ರಲ್ಲಿ ಬರ್ಲಿನ್ನಿನ ಸಮೀಪದ ಐಶ್‌ವಾಲ್ಡೆಯಲ್ಲಿ ಹುಟ್ಟಿ, ನೃತ್ಯವನ್ನಭ್ಯಸಿಸಿ, ಯುದ್ಧಕಾಲದಲ್ಲಿಯೇ ಸಣ್ಣಪುಟ್ಟ ಪಾತ್ರಗಳಿಂದ ಚಿತ್ರರಂಗವನ್ನು ಪ್ರವೇಶಿಸಿದ್ದ ಆಕೆಗೆ ಇದು ದೇಶವ್ಯಾಪಿಯಾದ ಕೀರ್ತಿಯನ್ನು ತಂದಿತು.

ಈ ಚಿತ್ರದ ಮೂಲವು ಲೆಯೋನ್ ಯೆಸ್ಸೆಲ್ ಎಂಬ ಸಂಗೀತಕಾರನು ರಚಿಸಿ 1917ರಲ್ಲಿ ಬರ್ಲಿನ್ನಿನಲ್ಲಿ ಪ್ರಥಮ ಪ್ರದರ್ಶನ ಕಂಡ ಗೀತನಾಟಕ. ಯೆಹೂದಿ ವಂಶದಲ್ಲಿ ಜನಿಸಿದ ಯೆಸ್ಸೆಲ್ಲನು ನಾತ್ಸಿ ಗುಪ್ತ ಪೊಲೀಸರ ಚಿತ್ರಹಿಂಸೆಗೊಳಗಾಗಿ 1942ರ ಜನವರಿಯಲ್ಲಿ ಮೃತನಾದನು. ಅವನ ರಾಗಗಳನ್ನು ಕೇಳಿ ಸಂತೋಷಪಡುತ್ತಿದ್ದ ಪ್ರೇಕ್ಷಕರಿಗೆ ಅವನ ಅಂತ್ಯವನ್ನು ಸ್ಮರಿಸುವ ಪ್ರಸಂಗವನ್ನು ಆ ಚಿತ್ರವು ಒದಗಿಸಲಿಲ್ಲ. ಗತಕಾಲವನ್ನು ಮರೆಯಲಪೇಕ್ಷಿಸಿದ ಜನಕ್ಕೆ ಮರೆವನ್ನೇ ಮನೋರಂಜನೆಯಾಗಿ ನೀಡಿದ ಇಂಥ ಚಿತ್ರಗಳು, ‘ಹೈಮಾಟ್‌ಫಿಲ್ಮ್’, ಎಂದರೆ ಹುಟ್ಟುನೆಲದ ಚಿತ್ರಗಳು, ಎಂಬ ಹೆಸರಿನಿಂದ ಆ ದಶಕವನ್ನೆಲ್ಲ ಆಳಿದುವು.

ಮರುವರ್ಷ ಅದೇ ನಿರ್ದೇಶಕನ ‘ಗ್ರೂನ್ ಇಸ್ಟ್ ಡೀ ಹೈಡೆ’ಯಲ್ಲಿ ಸೋನ್ಯಾ, ಹಿಂದಿನ ಚಿತ್ರದ ನಾಯಕನಟನಾದ ರುಡೋಲ್ಫ್ ಪ್ರಾಕ್‌ನ ಜೊತೆಗೆ ಮತ್ತೆ ನಟಿಸಿದಳು. ಈ ಜೋಡಿಯನ್ನು ಜನರು ಎಷ್ಟು ಮೆಚ್ಚಿದರೆಂದರೆ ಇಬ್ಬರ ಹೆಸರುಗಳನ್ನೂ ಬೆಸೆದು ‘ತ್ಸೀಪ್ರಾಕ್’ ಎಂದು ವಿನೋದವಾಗಿ ಕರೆಯತೊಡಗಿದರು. ಆದರೆ ಲ್ಯೂನೆಬುರ್ಗಿನ ಬಯಲುಸೀಮೆಯ ಸೊಬಗಿನ ನಡುವೆ ನಡೆಯುವ ಈ ಕಥೆಯ ಒಡಲಲ್ಲಿ ವಿಷಾದವೂ ಉಂಟು: ಪೊಮೆರೇನಿಯದ ತನ್ನ ಜಹಗೀರನ್ನು ಕಳೆದುಕೊಂಡು ಬಂಧುಗಳ ಆಶ್ರಯದಲ್ಲಿರುವ ವೃದ್ಧನೊಬ್ಬನು ಬೇಟೆಯ ಚಟವನ್ನು ಬಿಡಲಾರದೆ ಪರರ ಕಾಡಿನಲ್ಲಿ ಕದ್ದು ಬೇಟೆಯಾಡುತ್ತಾನೆ, ಅವನ ಮಗಳಾದ ಹೆಲ್ಗಾ ಅರಣ್ಯಾಧಿಕಾರಿಯನ್ನು ಪ್ರೀತಿಸುತ್ತ, ತಂದೆಯನ್ನು ರಕ್ಷಿಸಲೂ ಹೆಣಗುತ್ತಾಳೆ. ಆ ಹೆಲ್ಗಾಳ ಪಾತ್ರವೇ ಸೋನ್ಯಾಳದು.

ಮುಗ್ಧ ಗ್ರಾಮಕನ್ಯೆಯ ಮೂರ್ತಿಯಲ್ಲಿ ಬಂಧಿಯಾಗಲೊಲ್ಲದ ನಟಿಯು ಬೇರೆಯ ಹಾದಿಯನ್ನು ಹಿಡಿದದ್ದು 1958ರಲ್ಲಿ. ಮಾರೆಕ್ ಹ್ವಾಸ್ಕೋನ ಕಥೆಯನ್ನಾಧರಿಸಿ ಪೋಲಿಷ್ ನಿರ್ದೇಶಕ ಅಲೆಕ್ಸಾಂಡರ್ ಫೋರ್ಡ್ ತೆಗೆದ ‘ವಾರದ ಎಂಟನೆಯ ದಿನ’ದಲ್ಲಿ ಆಕೆ ಸ್ಬಿಗ್ನೆವ್ ಚಿಬುಲ್ಸ್ಕಿಯೊಡನೆ, ವಾರ್ಸಾ ನಗರದಲ್ಲಿ ಏಕಾಂತಕ್ಕೊಂದು ಕೋಣೆ ದೊರೆಯದೆ ಅಲೆಯುವ ಪ್ರೇಮಿಗಳಲ್ಲೊಬ್ಬಳಾದಳು. ಕಮ್ಯೂನಿಸ್ಟ್ ಸರ್ಕಾರದ ಕೋಪಕ್ಕೆ ಗುರಿಯಾದ ಚಿತ್ರವು ಪೋಲೆಂಡಿನಲ್ಲಿ 1983ರವರೆಗೂ ನಿಷಿದ್ಧವಾಗಿತ್ತು. ದೇಶವನ್ನು ತೊರೆದ ಹ್ವಾಸ್ಕೋನನ್ನು ಸೋನ್ಯಾ 1961ರಲ್ಲಿ ವಿವಾಹವಾದಳು. ಆ ದಾಂಪತ್ಯವು ಬಾಳಲಿಲ್ಲ. ಅವನು 1969ರಲ್ಲಿ ವೀಸ್‌ಬಾಡೆನ್ನಿನಲ್ಲಿ ತೀರಿಕೊಂಡನು.

ಇದರ ನಡುವೆ ಫ್ರಾಂಕ್ ವಿಸ್ಬರನ ಎರಡು ಯುದ್ಧಚಿತ್ರಗಳಲ್ಲಿಯೂ ಆಕೆ ಅಭಿನಯಿಸಿದ್ದಳು. 1959ರದು ಸ್ಟಾಲಿನ್‌ಗ್ರಾಡಿನ ವಿನಾಶವನ್ನು ಚಿತ್ರಿಸಿದರೆ, 1960ರದು ನಿರಾಶ್ರಿತರಿಂದ ಕಿಕ್ಕಿರಿದ ‘ವಿಲ್‌ಹೆಲ್ಮ್ ಗುಸ್ಟ್‌ಲೋಫ್’ ಹಡಗು 1945ರ ಜನವರಿ 30ರಂದು ಬಾಲ್ಟಿಕ್ ಸಮುದ್ರದಲ್ಲಿ ಮುಳುಗಿದ ದುರಂತವನ್ನು ನಿರೂಪಿಸಿತು. ಮುಂದೆ ರಂಗಭೂಮಿಯಲ್ಲಿಯೂ ದುಡಿದ ಆಕೆ 2020ರಲ್ಲಿ, ತೊಂಬತ್ತನಾಲ್ಕರ ವಯಸ್ಸಿನಲ್ಲಿ, ಮ್ಯೂನಿಕ್ಕಿನಲ್ಲಿ ನಿಧನಳಾದಳು.

ಟೋಪಿಯ ಹುಡುಗಿಯನ್ನಷ್ಟೇ ನೆನೆವವರು ಈ ಜೀವನದ ಅರ್ಧವನ್ನು ಮಾತ್ರ ಕಂಡವರು. ಜಹಗೀರು ಕಳೆದುಕೊಂಡವನ ಮಗಳು, ಕೋಣೆಯಿಲ್ಲದ ಪ್ರೇಯಸಿ, ಮುಳುಗುವ ಹಡಗಿನ ತರುಣಿ ಇವರೆಲ್ಲರನ್ನೂ ಒಟ್ಟಿಗಿಟ್ಟು ನೋಡಿದಾಗ, ಹುಟ್ಟುನೆಲದ ಚಿತ್ರಗಳ ತಾರೆಯೆನಿಸಿದ ಈಕೆಯು ತನ್ನ ಸತ್ತ್ವಯುತವಾದ ಪಾತ್ರಗಳಲ್ಲಿ ನೆಲೆತಪ್ಪಿದವರನ್ನೇ ಪ್ರತಿನಿಧಿಸಿದಳೆಂಬುದು ಸ್ಪಷ್ಟವಾಗುತ್ತದೆ.