ಉಣ್ಣಲೊಲ್ಲದ ರೋಗ: ಮನೆಯವರು ಏನು ಮಾಡಬೇಕು?



ಈ ಸಲ ಬೀಜ-ಗೊಬ್ಬರದ ಮಾತನ್ನು ಬದಿಗಿಟ್ಟು ಬೇರೊಂದು ವಿಷಯ ಬರೆಯುತ್ತಿದ್ದೇನೆ. ನಾನು ಒಕ್ಕಲುತನದ ಡಿಪ್ಲೊಮಾ ಕಲಿತವನು, ಡಾಕ್ಟರನಲ್ಲ. ನನ್ನಿಂದಾದ ಒಂದು ತಪ್ಪಿನಿಂದಾಗಿ ಈ ವಿಷಯ ತಿಳಿದುಕೊಳ್ಳಬೇಕಾಯಿತು.

ಲಚ್ಯಾಣದ ಕಡೆ ಲಿಂಬಿ ತೋಟ ನೋಡಲು ಹೋದಾಗ ರೈತರೊಬ್ಬರು, “ಸಾಹೇಬ್ರ, ನಮ್ಮ ಮಗಳು ರೊಟ್ಟಿ ಮುಟ್ಟವಲ್ಲಳ್ರೀ” ಎಂದರು. ಶ್ರಾವಣ ಸೋಮವಾರದ ಉಪವಾಸದಿಂದ ಸುರುವಾದದ್ದು, ಶ್ರಾವಣ ಮುಗಿದರೂ ನಿಂತಿರಲಿಲ್ಲ. “ವಯಸ್ಸಿನ ಹಟ, ಟಾನಿಕ್ ಕೊಡಿರಿ, ಸರಿಹೋಗುತ್ತದೆ” ಎಂದು ಹೇಳಿ ಬಂದೆ. ನಾಲ್ಕು ತಿಂಗಳ ನಂತರ ಆ ಹುಡುಗಿ ಅಂಗಳದಲ್ಲಿ ಬವಳಿ ಬಂದು ಬಿದ್ದಳು. ನನ್ನ ಮಾತಿನಿಂದ ಆ ನಾಲ್ಕು ತಿಂಗಳು ವ್ಯರ್ಥವಾದವು.

ಇದು ಯಾವ ರೋಗ?

ಇದರ ಹೆಸರು ಅನೋರೆಕ್ಸಿಯಾ ನರ್ವೋಸಾ. 1873ರಲ್ಲಿಯೇ ಲಂಡನ್ನಿನ ವಿಲಿಯಂ ಗಲ್ ಮತ್ತು ಪ್ಯಾರಿಸಿನ ಲಸೇಗ್ ಎಂಬ ಡಾಕ್ಟರರು ಇದನ್ನು ವರ್ಣಿಸಿದ್ದರು. ದಪ್ಪಗಾಗುವ ಭಯದಿಂದ ಊಟ ಬಿಡುವವರೇ ಹೆಚ್ಚು. ಆದರೆ ನಮ್ಮ ದೇಶದಲ್ಲಿ ಕೆಲವರು ಆ ಭಯವನ್ನು ಹೇಳುವುದಿಲ್ಲ. “ಹೊಟ್ಟೆ ಉಬ್ಬರಿಸುತ್ತದೆ, ಹಸಿವಿಲ್ಲ” ಎನ್ನುತ್ತಾರೆ. ಹುಡುಗಿಯರಲ್ಲಿ ಹೆಚ್ಚು, ಹುಡುಗರಿಗೂ ಬರುತ್ತದೆ. ಇದು ಪರದೇಶದ ರೋಗವೆಂದು ತಿಳಿಯಬಾರದು. 2012ರಲ್ಲಿ ಪ್ರಕಟವಾದ ಬೆಂಗಳೂರಿನ ಒಂದು ಸಮೀಕ್ಷೆಯಲ್ಲಿ 66 ಮನೋವೈದ್ಯರ ಪೈಕಿ ಮೂರರಲ್ಲಿ ಎರಡು ಪಾಲು ಜನ, ಹಿಂದಿನ ಒಂದು ವರ್ಷದಲ್ಲಿ ಊಟಕ್ಕೆ ಸಂಬಂಧಿಸಿದ ಇಂಥ ರೋಗಿಯನ್ನು ಕಂಡಿದ್ದಾಗಿ ಹೇಳಿದ್ದರು.

ಇದು ಹಟವಲ್ಲ, ಗಾಳಿ ಸೋಕಿದ್ದೂ ಅಲ್ಲ. 1944-45ರಲ್ಲಿ ಅಮೆರಿಕೆಯ ಮಿನ್ನೆಸೋಟದಲ್ಲಿ 36 ಜನ ಆರೋಗ್ಯವಂತ ಗಂಡಸರಿಗೆ 24 ವಾರ ಅರೆಹೊಟ್ಟೆ ಊಟ ಕೊಟ್ಟು ನೋಡಿದರು. ಅವರು ಸಿಡುಕರಾದರು, ಮಂಕಾದರು, ಒಂಟಿಯಾಗಿ ಕುಳಿತರು. ಅವರ ತಲೆಯಲ್ಲಿ ಅನ್ನದ ವಿಚಾರ ಬಿಟ್ಟರೆ ಬೇರೆ ವಿಚಾರವಿರಲಿಲ್ಲ. ಎಂದರೆ ಹಸಿವೆಯೇ ಮನಸ್ಸನ್ನು ಕೆಡಿಸುತ್ತದೆ. ಆದುದರಿಂದ ಅನ್ನವೇ ಮೊದಲನೆಯ ಔಷಧ. ಈ ರೋಗವನ್ನು ತಾನೇ ವಾಸಿಮಾಡುವ ಗುಳಿಗೆ ಯಾವುದೂ ಇಲ್ಲ.

ಉಪಚಾರದ ಕ್ರಮ

ಮೊದಲು ಡಾಕ್ಟರರಿಗೆ ತೋರಿಸತಕ್ಕದ್ದು. ಕ್ಷಯ, ಸಕ್ಕರೆ ರೋಗ, ಥೈರಾಯ್ಡ್ ಇವುಗಳಿಂದಲೂ ಮೈ ಇಳಿಯುತ್ತದೆ, ರಕ್ತ ತಪಾಸಣೆಯಾಗಲೇಬೇಕು.

ಎರಡನೆಯದು, ಬಹಳ ಸೊರಗಿದವರಿಗೆ ಒಮ್ಮೆಲೇ ಹೊಟ್ಟೆ ತುಂಬ ಉಣಿಸಬಾರದು. ಹೂವು ಹಿಡಿಸಲು ಲಿಂಬಿ ಗಿಡಕ್ಕೆ ನೀರು ನಿಲ್ಲಿಸಿ, ಮತ್ತೆ ಬಿಡುವಾಗ ಮೊದಲು ಹಗುರಾಗಿ ಬಿಟ್ಟು ಆಮೇಲೆ ಹೆಚ್ಚಿಸುತ್ತೀರಲ್ಲವೇ? ಇಲ್ಲಿಯೂ ಹಾಗೆಯೇ. ಬರಗಾಲದ ಮೈಗೆ ಒಮ್ಮೆಲೇ ಅನ್ನ ಬಿದ್ದರೆ ರಕ್ತದಲ್ಲಿಯ ರಂಜಕ ತಟ್ಟನೆ ಇಳಿದು ಹೃದಯಕ್ಕೇ ಅಪಾಯ. ಆದುದರಿಂದ ಇಂಥವರನ್ನು ದವಾಖಾನೆಯಲ್ಲಿಟ್ಟು, ದಿನವೂ ರಕ್ತ ನೋಡುತ್ತ ಊಟ ಹೆಚ್ಚಿಸುತ್ತಾರೆ.

ಮೂರನೆಯದು ಮನೆಯವರ ಕೆಲಸ. ಲಂಡನ್ನಿನ ಮಾಡ್ಸ್ಲಿ ಆಸ್ಪತ್ರೆಯಲ್ಲಿ ಬೆಳೆದು ಬಂದ ಈ ಪದ್ಧತಿಯಲ್ಲಿ ತಂದೆತಾಯಿಗಳನ್ನು ದೂರುವುದಿಲ್ಲ, ಅವರನ್ನೇ ಮುಂದೆ ಮಾಡುತ್ತಾರೆ. ಮೊದಲ ಹಂತದಲ್ಲಿ ಏನು, ಎಷ್ಟು ಉಣ್ಣಬೇಕೆಂಬುದನ್ನು ಹಿರಿಯರೇ ನಿರ್ಧರಿಸಿ, ಪಕ್ಕದಲ್ಲಿ ಕುಳಿತು ಉಣಿಸಬೇಕು. ತೂಕ ಏರಿದಂತೆ ಆ ಹೊಣೆಯನ್ನು ಸ್ವಲ್ಪ ಸ್ವಲ್ಪವಾಗಿ ಮಗುವಿಗೆ ಮರಳಿಸಬೇಕು. ಕೊನೆಗೆ ಸಾಲಿ, ಗೆಳತಿಯರು, ಮುಂದಿನ ಬಾಳು ಇವುಗಳ ಮಾತು. 1987ರಲ್ಲಿ ಪ್ರಕಟವಾದ ಪರೀಕ್ಷೆಯ ಪ್ರಕಾರ, ಎಳೆಯ ವಯಸ್ಸಿನಲ್ಲಿ ಸುರುವಾಗಿ ಮೂರು ವರ್ಷ ದಾಟದ ರೋಗಕ್ಕೆ ಈ ಪದ್ಧತಿ ಹೆಚ್ಚು ಫಲ ಕೊಟ್ಟಿತು. ತಡ ಮಾಡಬಾರದೆಂಬುದು ಇದಕ್ಕಾಗಿಯೇ. ದೊಡ್ಡವರಿಗಾದರೆ, ವಿಚಾರ ಮತ್ತು ರೂಢಿಗಳನ್ನು ತಿದ್ದುವ ಮಾತಿನ ಚಿಕಿತ್ಸೆಯೂ ಇದೆ.

ಮನೆಯಲ್ಲಿ ನೆನಪಿಡಬೇಕಾದದ್ದು

ವಿಶೇಷ ಅಡಿಗೆ ಬೇಡ. ಮನೆಮಂದಿ ಉಣ್ಣುವ ರೊಟ್ಟಿ, ಬ್ಯಾಳಿ, ಹಾಲು, ಶೇಂಗಾ ಹಿಂಡಿ ಸಾಕು. ಹೊತ್ತಿಗೆ ಸರಿಯಾಗಿ ಮೂರು ಊಟ, ನಡುವೆ ಎರಡು-ಮೂರು ಸಲ ತಿನಿಸು ಇರಲಿ. ಬಯ್ಯಬೇಡಿರಿ, ಹೊಡೆಯಬೇಡಿರಿ, ಅಂಗಲಾಚಲೂ ಬೇಡಿರಿ. “ಇದು ನಿನ್ನ ಔಷಧ, ನಾನು ಇಲ್ಲೇ ಕೂತಿರುತ್ತೇನೆ” ಎಂದು ಶಾಂತವಾಗಿ ಹೇಳಿರಿ. ಉಂಡ ಮೇಲೆ ಸ್ವಲ್ಪ ಹೊತ್ತು ಜೊತೆಗಿರಿ. ಮೈಯ ಗಾತ್ರದ ಚೇಷ್ಟೆ ಮಾಡಬೇಡಿರಿ. ವಾಸಿಯಾಗುವವರೆಗೆ ಉಪವಾಸ ಬೇಡ. ಲಗ್ನ ಮಾಡಿದರೆ ಸರಿಹೋದೀತೆಂಬ ಮಾತನ್ನು ನಂಬಬೇಡಿರಿ.

ಬವಳಿ ಬರುವುದು, ನಾಡಿ ಬಹಳ ನಿಧಾನವಾಗುವುದು, ಕೈಕಾಲು ತಣ್ಣಗಾಗುವುದು, ಕುಕ್ಕರಗಾಲಿನಲ್ಲಿ ಕುಳಿತವರು ಕೈ ಊರದೆ ಏಳಲಾರದಿರುವುದು, ಸಾಯುವ ಮಾತಾಡುವುದು: ಇವುಗಳಲ್ಲಿ ಒಂದು ಕಂಡರೂ ಅದೇ ದಿನ ದವಾಖಾನೆಗೆ ಒಯ್ಯತಕ್ಕದ್ದು. ತಿಂಗಳ ಮುಟ್ಟು ನಿಂತಿದ್ದರೆ ಅದನ್ನೂ ಮುಚ್ಚಿಡದೆ ಡಾಕ್ಟರರಿಗೆ ಹೇಳಬೇಕು.

ಎಲ್ಲಿಗೆ ಹೋಗಬೇಕು?

ಮೊದಲು ಇಂಡಿಯ ಸರಕಾರಿ ಆಸ್ಪತ್ರೆಗೆ, ಅಲ್ಲಿಂದ ವಿಜಯಪುರದ ಜಿಲ್ಲಾ ಆಸ್ಪತ್ರೆಗೆ ಹೋಗಬಹುದು. ಹೆಚ್ಚಿನ ಉಪಚಾರಕ್ಕೆ ಧಾರವಾಡದ ಡಿಮ್ಹಾನ್ಸ್, ಬೆಂಗಳೂರಿನ ನಿಮ್ಹಾನ್ಸ್ ಇವೆ. 2022ರಲ್ಲಿ ಆರಂಭವಾದ ಟೆಲಿ ಮನಸ್ ಎಂಬ ಸರಕಾರಿ ಸೇವೆಗೆ 14416 ನಂಬರಿನಲ್ಲಿ ಹಗಲು-ರಾತ್ರಿ ಫುಕಟ್ಟಾಗಿ ಕನ್ನಡದಲ್ಲಿಯೇ ಮಾತಾಡಬಹುದು.

ಆ ಹುಡುಗಿ ಕೆಲವು ವಾರ ದವಾಖಾನೆಯಲ್ಲಿದ್ದು ಮನೆಗೆ ಬಂದಿದ್ದಾಳೆ. ಪೂರ್ಣ ವಾಸಿಯಾಗಿಲ್ಲ, ಕೆಲವು ದಿನ ತಾಟನ್ನು ಇನ್ನೂ ಸರಿಸುತ್ತಾಳೆ. ಆಗ ಅವಳ ತಂದೆ ತೋಟದ ಕೆಲಸ ಬಿಟ್ಟು ಬಂದು ಪಕ್ಕದಲ್ಲಿ ಕೂಡುತ್ತಾರೆ. ನಿಮ್ಮ ಮನೆಯಲ್ಲಿ ಯಾರಾದರೂ ತಾಟು ಸರಿಸುತ್ತಿದ್ದರೆ ನಾಲ್ಕು ತಿಂಗಳು ಕಾಯಬೇಡಿರಿ. ಈ ವಾರವೇ ಡಾಕ್ಟರರಿಗೆ ತೋರಿಸಿರಿ.